ಸುತ್ತಿಗೆ ಬಿಟ್ಟು ಉಳಿ ಹಿಡಿದ ಸಾಬಣ್ಣ

ಶಹಾಬಾದ್ ಹತ್ತಿರದ ಭಂಕೂರದ ಆಚೆಗೆ, ನೆಲಕ್ಕೆ ಹಾಸುವ ಪರಸಿ ಕಲ್ಲಿನ ಖಣಿ. ಪೂರ್ವ ಇನ್ನೂ ಸರಿಯಾಗಿ ಕೆಂಪೇರಿಲ್ಲ. ಶ್ರಾವಣದ ಮಳೆಗೆ ತಳದಲ್ಲಿ ನೀರು ನಿಂತಿದೆ, ಕೆಲಸ ನಡೆಯುತ್ತಿರುವುದು ಮೇಲಿನ ಕಲ್ಲುಹಾಸಿನಲ್ಲಿ ಮಾತ್ರ. ಅಲ್ಲಿ ಐವತ್ತು ದಾಟಿದ ಸಾಬಣ್ಣ ಕುಕ್ಕರುಗಾಲಲ್ಲಿ ಕುಳಿತು, ಕಲ್ಲಿನ ಮೇಲೆ ಎಳೆದ ಗೆರೆಗೆ ದಪ್ಪನೆಯ ಉಳಿ ಊರಿ ಎರಡೂ ಕೈಯಲ್ಲಿ ಹಿಡಿದಿದ್ದಾರೆ. ಅವರ ಮುಂದೆ ದೊಡ್ಡ ಸುತ್ತಿಗೆ ಎತ್ತಿ ನಿಂತ ತರುಣ ಅಣವೀರ. ಏಟು ಬೀಳುತ್ತದೆ, ಸಾಬಣ್ಣ ಉಳಿಯನ್ನು ಬೆರಳಗಲ ಮುಂದೆ ಜರುಗಿಸುತ್ತಾರೆ, ಮತ್ತೆ ಏಟು. ಸುತ್ತಿಗೆ ಪ್ರತಿ ಸಲವೂ ಅವರ ಬಗ್ಗಿದ ತಲೆಯ ಒಂದು ಗೇಣು ಆಚೆಯಿಂದ ಇಳಿಯುತ್ತದೆ.

ಖಣಿಯಲ್ಲಿ ಜೋಡಿ ಎಂದರೆ ಬಾಯಿಗೆ ಬಿಡುವಿಲ್ಲ. ಪಕ್ಕದ ಹಾಸಿನಲ್ಲಿ ಇಬ್ಬರು ಒಬ್ಬರನ್ನೊಬ್ಬರು ಬೈದುಕೊಳ್ಳುತ್ತ, ನಗುತ್ತ, ಸಿನಿಮಾ ಕಥೆ ಹೇಳುತ್ತ ಕಲ್ಲು ಸೀಳುತ್ತಿದ್ದಾರೆ. ಈ ಜೋಡಿ ಮಾತ್ರ ಮೂಕ. ಉಳಿ ಕೂತಿತು ಎಂಬುದಕ್ಕೆ ಸಾಬಣ್ಣ ಗದ್ದ ಅಲ್ಲಾಡಿಸುತ್ತಾರೆ, ಅಷ್ಟೆ. ಇಪ್ಪತ್ತೊಂದು ವರ್ಷದ ಹಿಂದೆ ಇಂಥದೇ ಖಣಿಯಲ್ಲಿ, ಇಂಥದೇ ಸುತ್ತಿಗೆಯಿಂದ, ಈ ತರುಣನ ತಂದೆಯನ್ನು ಕೊಂದವರು ಸಾಬಣ್ಣ. ಇದು ತಿಳಿದ ಮೇಲೆ ನನಗೆ ಆ ಹಾಸಿನ ಹತ್ತಿರ ನಿಲ್ಲುವುದೇ ಕಷ್ಟವಾಯಿತು. ಏಟು ಬಿದ್ದಾಗಲೆಲ್ಲ ನಾನು ಕಣ್ಣು ಮುಚ್ಚುತ್ತೇನೆ, ಸಾಬಣ್ಣ ಮುಚ್ಚುವುದಿಲ್ಲ.

ಕೊಲೆ ಮಾಡಿದವನಿಗೆ 'ಅವರು, ಇವರು' ಎಂದು ಬರೆಯುತ್ತೀರಾ ಎಂದು ಶಹಾಬಾದಿನ ಚಹಾದಂಗಡಿಯಲ್ಲಿ ಒಬ್ಬರು ಕೇಳಿದರು. ಬರೆಯುತ್ತೇನೆ. ಊರಲ್ಲಿ ಕೊಲೆ ಮಾಡದೆಯೂ ಜನರ ಜೀವ ತಿಂದವರಿಗೆ ಹಾರ ಹಾಕಿ 'ಅವರು' ಎಂದು ಬರೆದ ಕೈ ಇದು, ಇದಕ್ಕೇನು ದಾಡಿ?

ಸತ್ತವನು ದೇವಿಂದ್ರ, ಸಾಬಣ್ಣನ ಹೆಂಡತಿ ಭೀಮಬಾಯಿಯ ಒಡಹುಟ್ಟಿದ ತಮ್ಮ. ಭಾವ-ಭಾವಮೈದುನ ಇಬ್ಬರದೂ ಹೆಸರುವಾಸಿ ಜೋಡಿ: ದೇವಿಂದ್ರ ಉಳಿ ಹಿಡಿಯುವುದು, ಸಾಬಣ್ಣ ಹೊಡೆಯುವುದು. ನದಿ ದಂಡೆಯ ಮನೆತನಗಳವರು, ಮೀನಿನ ಬಲೆ ಬಿಟ್ಟು ಅಪ್ಪಂದಿರ ಕಾಲಕ್ಕೇ ಕಲ್ಲಿಗೆ ಬಂದವರು. ಆ ವರ್ಷ ನಾಗರ ಪಂಚಮಿಗೆ ಅಕ್ಕನನ್ನು ತವರಿಗೆ ಕರೆದೊಯ್ಯಲು ದೇವಿಂದ್ರ ಬಂದ. ಕಳಿಸುವುದಿಲ್ಲ ಎಂದರು ಸಾಬಣ್ಣ. ಕಾರಣ ಏನಿತ್ತು ಎಂದು ಕೇಳಿದರೆ ಈಗ ಅವರಿಗೇ ನಗು ಬರುತ್ತದೆ, ನೋಡಲಾಗದ ನಗು.

"ಕಾರಣ ಏನೂ ಇಲ್ರಿ. ಹಿಂದಿನ ವರ್ಷ ನನಗ ಸರಿಯಾಗಿ ಮಾನಪಾನ ಮಾಡಿಲ್ಲ ಅಂತ ಸಿಟ್ಟು. ಅಳಿಯ ಅಂತ ದಿಮಾಕು. ಮರುದಿನ ಖಣ್ಯಾಗ ಮತ್ತ ಅದೇ ಮಾತು ತಗದ. ಇಬ್ರೂ ಕುಡದಿದ್ವಿ. 'ಅಕ್ಕಗ ನೀ ಸಾಕಲಿಕತ್ತಿ ಏನು, ಅಕೀನೇ ನಿನಗ ಸಾಕಲಿಕತ್ತಾಳ' ಅಂದ. ಸುತ್ತಿಗಿ ಕೈಯಾಗೇ ಇತ್ತು. ಅಂವಾ ಕುಂತಿದ್ದ, ತಲಿ ಬಗ್ಗಸಿದ್ದ, ಉಳಿ ಹಿಡಕೊಂಡೇ ಇದ್ದ."

ಇಲ್ಲಿಗೆ ನಿಲ್ಲಿಸಿ ಅವರು ಬೀಡಿ ಹುಡುಕುತ್ತಾರೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುವುದು ನಿಜ, ಆದರೆ ಒಂದು ಮಾತಿಗೆ ಒಂದು ಜೀವ ಎಂದು ಯಾವ ಗಾದೆಯಲ್ಲೂ ಇಲ್ಲ. 'ಕೊಡಲಿ ಕಾವು ಕುಲಕ್ಕೆ ಮೃತ್ಯು' ಎಂದು ಊರು ಆಡಿಕೊಂಡಿತು. ಜೀವಾವಧಿ ಶಿಕ್ಷೆ ಆಯಿತು. ಜೈಲಿನ ಅಡುಗೆಮನೆಯಲ್ಲಿ ರೊಟ್ಟಿ ಬೇಯಿಸುತ್ತ ಹದಿನೈದು ವರ್ಷ ಕಳೆದು, ಸನ್ನಡತೆಯ ಮೇಲೆ ಬಿಡುಗಡೆಯಾಗಿ ಬಂದರು.

ಭೀಮಬಾಯಿ ಈ ಹದಿನೈದು ವರ್ಷ ತೊಗರಿ ಹೊಲಗಳಲ್ಲಿ ಕೂಲಿ ಮಾಡಿದ್ದಾರೆ. ಭಂಕೂರದ ಒಂದು ಕೋಣೆಯ ಮನೆಯಲ್ಲಿ ಒಲೆಯ ಮುಂದೆ ಕುಳಿತ ಅವರು ನನ್ನ ಕಡೆ ನೋಡದೆಯೇ ಮಾತಾಡುತ್ತಾರೆ. "ಅಂವಾ ನನ್ನ ತಮ್ಮನ ಕೊಂದಾನ. ನನ್ನ ಗಂಡನೂ ಅದಾನ. ಯಾವ ಕಣ್ಣಿಲಿ ಅಳಲಿ ಹೇಳ್ರಿ? ಬಿಟ್ಟು ಬಾ ಅಂತ ಮಂದಿ ಅಂದ್ರು. ಎಲ್ಲಿಗಿ ಹೋಗಲಿ? ತವರಮನಿ ಬಾಗಲ ಮುಚ್ಚಿತ್ತು. ಜೈಲಿನಿಂದ ಬಂದ ದಿನ 'ರೊಟ್ಟಿ ಉಣ್ಣು' ಅಂತ ಒಂದು ಮಾತು ಅಂದೆ. ವರ್ಷತನಕ ಅಷ್ಟೇ ಮಾತು ನೋಡ್ರಿ."

ಹೊರಗೆ ಬಂದ ಸಾಬಣ್ಣನಿಗೆ ಕೆಲಸ ಸಿಗಲಿಲ್ಲ. ಮೊದಲೇ ಕಲ್ಲು ಕೊಯ್ಯುವ ಯಂತ್ರಗಳು ಬಂದು ಕೈಕೆಲಸದ ಖಣಿಗಳು ಬೆರಳೆಣಿಕೆಗೆ ಇಳಿದಿದ್ದವು. ಗುಲಾಮ್ ರಸೂಲ್ ಎಂಬ ಮೇಸ್ತ್ರಿ ಮಾತ್ರ ಬಾ ಎಂದರು. ಬಂದರೆ ಮತ್ತೊಂದು ತೊಡಕು. ಸಾಬಣ್ಣ ಸುತ್ತಿಗೆ ಹಿಡಿದರೆ ಅವರ ಮುಂದೆ ತಲೆ ಬಗ್ಗಿಸಿ ಕೂರುವವರು ಯಾರು? ಇದ್ದಬದ್ದವರೆಲ್ಲ ಮೆಲ್ಲಗೆ ಜಾರಿಕೊಂಡರು. ಕೊನೆಗೊಬ್ಬ ಮುದುಕ ಧೈರ್ಯ ಮಾಡಿ ಕುಳಿತನಂತೆ, ಆಗ ಸಾಬಣ್ಣ ಎತ್ತಿದ ಸುತ್ತಿಗೆಯನ್ನು ಹೊಡೆಯದೆಯೇ ಕೆಳಗಿಟ್ಟರಂತೆ. ಅಂದಿನಿಂದ ಅವರು ಹೊಡೆಯುವುದಿಲ್ಲ, ಹಿಡಿಯುತ್ತಾರೆ.

"ಅವರದೇನು ತಪ್ಪದರಿ? ನಾನರ ಹಿಂಥಾವನ ಮುಂದ ಕುಂದರತಿದ್ದೆನೇನು? ಅದಕ್ಕ 'ನೀವು ಹೊಡೀರಿ, ನಾ ಹಿಡೀತೀನಿ' ಅಂದೆ."

ಹಿಡಿಯುವ ಕೆಲಸ ಯಾರಿಗೂ ಬೇಡ. ಹೊಸಬರ ಗುರಿ ತಪ್ಪಿದರೆ ಏಟು ಹಿಡಿದವನ ಕೈಗೆ. ಹಾಗಾಗಿ ಮೇಸ್ತ್ರಿ ಹೊಸಬರನ್ನೆಲ್ಲ ಸಾಬಣ್ಣನ ಪಾಲಿಗೆ ಹಾಕುತ್ತಾರೆ. ಈ ಸುತ್ತಿನಲ್ಲಿ ಇವತ್ತು ನೆಟ್ಟಗೆ ಸುತ್ತಿಗೆ ಬೀಸುವ ಹುಡುಗರಲ್ಲಿ ಅರ್ಧದಷ್ಟು ಜನ ಅವರ ಕೈ ಮೇಲೆ ಕಲಿತವರು. ಎಡಗೈಯ ತೋರುಬೆರಳಿಗೆ ತುದಿಯಿಲ್ಲ, ಹೆಬ್ಬೆರಳು ಓರೆಯಾಗಿ ಕೂಡಿಕೊಂಡಿದೆ. ಅದನ್ನು ಯಾರಾದರೂ ಪ್ರಾಯಶ್ಚಿತ್ತ ಎಂದು ಕರೆದರೆ ಅವರಿಗೆ ಸಿಟ್ಟು ಬರುತ್ತದೆ. "ಬೆರಳು ಹೋದ್ರ ಜೀವ ತಿರುಗಿ ಬರ್ತದೇನ್ರಿ? ಹೊಟ್ಟಿಗಿ ಮಾಡ್ತೀನಿ," ಎನ್ನುತ್ತಾರೆ.

ಬಿಡುಗಡೆಯಾದ ವರ್ಷ ಅವರೊಂದು ತಪ್ಪು ಮಾಡಿದರು. ಪಂಚಮಿ ಬಂತು, ಭೀಮಬಾಯಿಯನ್ನು ಕರೆಯಲು ಯಾರೂ ಬರಲಿಲ್ಲ. ಯಾರು ಬರಬೇಕು? ಕರೆಯಬೇಕಾದವನನ್ನು ಕೊಂದವರೇ ಇವರು. ತಾನೇ ಕಳಿಸಿದರಾಯಿತು ಎಂದುಕೊಂಡು, ಹೆಂಡತಿಯನ್ನು ಕರೆದುಕೊಂಡು, ಹಬ್ಬದ ಸಿಹಿ ಉಂಡಿಯ ಡಬ್ಬಿ ಹಿಡಿದು ತಾವೇ ದೇವಿಂದ್ರನ ಮನೆ ಬಾಗಿಲಿಗೆ ಹೋಗಿ ನಿಂತರು. ಪಂಚಮಿಗೆ ಕರೆಯದೆ ಹೋಗುವ ಹೆಣ್ಣಿಲ್ಲ, ಹೆಂಡತಿಯನ್ನು ತಾನೇ ಬಿಟ್ಟುಬರುವ ಗಂಡನಂತೂ ಇಲ್ಲವೇ ಇಲ್ಲ. ದೇವಿಂದ್ರನ ಹೆಂಡತಿ ಅಯ್ಯಮ್ಮ ಅಂಗಳದ ಬೇವಿನ ಮರಕ್ಕೆ ಹೋಗಿ, ಓಣಿಯ ಮಕ್ಕಳು ಆಡುತ್ತಿದ್ದ ಪಂಚಮಿ ಜೋಕಾಲಿಯ ಹಗ್ಗವನ್ನು ಕುಡಗೋಲಿನಿಂದ ಕತ್ತರಿಸಿ ಹಾಕಿದರು. ಮಕ್ಕಳು ಅತ್ತವು. ಗಂಡ ಹೆಂಡತಿ ಬಂದ ದಾರಿಯಲ್ಲೇ ಮರಳಿದರು.

ಆ ಮನೆಯ ಮಗನೇ ಅಣವೀರ. ತಂದೆ ಸತ್ತಾಗ ನಾಲ್ಕು ವರ್ಷದವನು. ವಾಡಿಯ ಸಿಮೆಂಟ್ ಕಾರ್ಖಾನೆಯಲ್ಲಿ ಗುತ್ತಿಗೆ ಕೆಲಸದಲ್ಲಿದ್ದ, ಗುತ್ತಿಗೆ ಮುಗಿದು ಕಳೆದ ಚಳಿಗಾಲದಲ್ಲಿ ಖಣಿಗೆ ಬಂದ. ಸುತ್ತಿಗೆ ಕೆಲಸ ಅವನಿಗೆ ಹೊಸದು, ಕಲಿಸಲು ಇದ್ದವರು ಸಾಬಣ್ಣ ಒಬ್ಬರೇ. "ಅವತ್ತು ನನ್ನ ಜಾನ್ ಹಾರಿತ್ತು ಸಾಬ್," ಎನ್ನುತ್ತಾರೆ ಗುಲಾಮ್ ರಸೂಲ್. "ಹುಡುಗಗ ವಾಪಸ್ ಹೋಗು ಅಂದೆ. ಅಷ್ಟರಾಗ ಸಾಬಣ್ಣ ಉಳಿ ತಗೊಂಡು ಹೋಗಿ ಅವನ ಮುಂದ ಕುಂತುಬಿಟ್ಟ. ಇಡೀ ಖಣಿ ಕೆಲಸ ಬಿಟ್ಟು ನೋಡಲಿಕತ್ತಿತ್ತು. ಹುಡುಗ ಸುತ್ತಿಗಿ ಎತ್ತಿದಾವ ಭಾಳ ಹೊತ್ತು ಇಳಸ್ಲೇ ಇಲ್ಲ."

ಊಟದ ಹೊತ್ತಿಗೆ ಅಣವೀರ ಒಬ್ಬನೇ ದೂರದ ಕಲ್ಲುರಾಶಿಯ ಮೇಲೆ ಬುತ್ತಿ ಬಿಚ್ಚುತ್ತಾನೆ. ನಾನು ಕೇಳಬಾರದ್ದನ್ನೇ ಕೇಳಿದೆ. "ಖರೇ ಹೇಳ್ಲೇನ್ರಿ? ಸುತ್ತಿಗಿ ಮ್ಯಾಲೆತ್ತಿದಾಗ ದಿನಾ ಒಮ್ಮೆರ ಅನಸ್ತದ, ಜರಾ ಈ ಕಡಿ ಬಿಟ್ರ ಮುಗೀತು ಅಂತ. ಕೈ ಜಾರಿತು ಅಂತಾರ, ಯಾರೂ ಏನೂ ಅನ್ನಂಗಿಲ್ಲ. ಆಗ ನಮ್ಮ ಅತ್ತಿ, ಅಪ್ಪನ ಅಕ್ಕ, ಅಕೀ ಮಾರಿ ಕಣ್ಣಿಗಿ ಬರ್ತದ. ಮತ್ತ ಉಳಿಗೇ ಹೊಡೀತೀನಿ."

ಇದು ಸಾಬಣ್ಣನಿಗೆ ಗೊತ್ತಿದೆಯೇ? ಗೊತ್ತಿದೆ.

"ಏಟಿನ ಸಪ್ಪಳದಾಗೇ ತಿಳೀತದರಿ. ನನಗೇನರ ಆಗ್ಲಿ, ಆದ್ರ ಹುಡುಗ ಹಂಗ ಮಾಡಬಾರದು. ಮಾಡಿದ್ರ ಅಂವಾ ನನ್ನಂಗ ಆಗ್ತಾನ. ಒಂದು ಕ್ಷಣದ ಕೆಲಸ, ಆಮ್ಯಾಲೆ ಎಷ್ಟು ವರ್ಷ ರೊಟ್ಟಿ ಬಡದ್ರೂ ಮುಗಿಯಂಗಿಲ್ಲ. ಅದೊಂದೇ ನನಗ ಅಂಜಿಕಿ." ಹಾಗಾದರೆ ಕೂರುವುದೇಕೆ? "ನಾ ಕುಂದ್ರದಿದ್ರ ಅವನಿಗಿ ಕೆಲಸ ಇಲ್ಲಲ್ರಿ."

ಅವರಿಗೆ ಬೇಕಾದದ್ದು ಏನು ಎಂದು ಕೇಳಿದ್ದಕ್ಕೆ ಮಾಫಿ ಎನ್ನಲಿಲ್ಲ. ಮಾಫಿ ಕೇಳುವ ಮುಖ ತನಗಿಲ್ಲ ಎಂದರು. ಹೆಂಡತಿಗೆ ತವರುಮನೆ ಮರಳಿ ಸಿಗಬೇಕು. ಪಂಚಮಿಗೆ ಯಾರಾದರೊಬ್ಬರು ಬಂದು ಬಾಗಿಲಲ್ಲಿ ನಿಂತು ಅವಳನ್ನು ಕರೆಯಬೇಕು. ಇಪ್ಪತ್ತು ಪಂಚಮಿ ಭೀಮಬಾಯಿ ಒಲೆ ಹಚ್ಚದೆ ಕಳೆದಿದ್ದಾರೆ, ಓಣಿಯ ಹೆಣ್ಣುಮಕ್ಕಳೆಲ್ಲ ಹೊಸ ಸೀರೆ ಉಟ್ಟು ಬಸ್ ಹತ್ತುವುದನ್ನು ಬಾಗಿಲ ಸಂದಿಯಿಂದ ನೋಡಿದ್ದಾರೆ. ಕೊಂದವನ ಶಿಕ್ಷೆಗೆ ಒಂದು ಕೊನೆ ಇತ್ತು. ಭೀಮಬಾಯಿಯ ಶಿಕ್ಷೆಗೆ ಅಂಥ ಕೊನೆ ಬರೆದುಕೊಡುವ ನ್ಯಾಯಾಧೀಶರೇ ಇಲ್ಲ.

ಈ ಸಲದ ಪಂಚಮಿಗೆ ಮೂರು ದಿನ ಮೊದಲು ಕೆಲಸ ಬಿಡುವ ಹೊತ್ತು. ಅಣವೀರ ಸುತ್ತಿಗೆ ಕೆಳಗಿಟ್ಟ, ಆದರೆ ಹೋಗಲಿಲ್ಲ. ಎಂಟು ತಿಂಗಳಲ್ಲಿ ಮೊದಲ ಸಲ ಬಾಯಿ ತೆರೆದ.

"ನಮ್ಮ ಅತ್ತಿಗಿ ಪಂಚಮಿಗಿ ಕಳಸ್ತೀಯೇನು?"

ಸಾಬಣ್ಣನಿಗೆ ಮೊದಲು ಕೇಳಿಸಿದ್ದೇ ಖರೆ ಅನಿಸಲಿಲ್ಲ. "ಕಳಸಾವ ನಾ ಯಾರಪ್ಪಾ, ಅಕೀಗೇ ಕೇಳು ಬಾ," ಎಂದರಂತೆ.

ಪಂಚಮಿಯ ಹಿಂದಿನ ದಿನ ಅಣವೀರ ಮನೆಗೆ ಬಂದ. ಹೊಸ್ತಿಲ ಒಳಗೆ ಕಾಲಿಡಲಿಲ್ಲ, ಕೊಟ್ಟ ನೀರು ಮುಟ್ಟಲಿಲ್ಲ. ಭೀಮಬಾಯಿ ಇದ್ದ ಸೀರೆಯಲ್ಲೇ ಹೊರಟರು. ಅಯ್ಯಮ್ಮ ಬಾಗಿಲು ತೆರೆದರು, ಆದರೆ ಮೊದಲ ದಿನವಿಡೀ ಮಾತಾಡಲಿಲ್ಲ. ಎರಡನೆಯ ದಿನ ಇಬ್ಬರೂ ದೇವಿಂದ್ರನನ್ನು ಹೂತ ಹೊಲಕ್ಕೆ ಹೋಗಿ ಬಂದರು. ಹೊರಡುವಾಗ ಅಯ್ಯಮ್ಮ ಉಂಡಿ ಕಟ್ಟಿಕೊಟ್ಟು ಒಂದು ಮಾತು ಹೇಳಿದರು: "ನೀ ಉಣ್ಣು. ಅವನಿಗಿ ಕೊಡಬ್ಯಾಡ." ಭೀಮಬಾಯಿ ಮನೆಗೆ ಬಂದು ಇದನ್ನು ಗಂಡನಿಗೆ ಹಾಗೆಯೇ ಹೇಳಿದರು, ಉಂಡಿ ಕೊಡಲಿಲ್ಲ.

ಬೇಜಾರಾಯಿತೇ ಎಂದು ಸಾಬಣ್ಣನನ್ನು ಕೇಳಿದೆ. ನಾಳೆ ಬೆಳಿಗ್ಗೆ ಮತ್ತೆ ಅದೇ ಸುತ್ತಿಗೆಯ ಕೆಳಗೆ ಕೂರಬೇಕಾದ ಮನುಷ್ಯ, ಓರೆ ಹೆಬ್ಬೆರಳನ್ನು ತಿಕ್ಕಿಕೊಂಡರು.

"ಯಾಕ ಬೇಜಾರ್ರಿ? ಅಕಿ ಹೇಳಿದ್ದು ಬರೋಬರಿ ಅದ. ನಾ ಅಕಿ ಇಲ್ಲದಾಗ ಮೂರು ದಿನ ಕೈಯಾರೆ ರೊಟ್ಟಿ ಮಾಡ್ಕೊಂಡು ಉಂಡೆ. ಖಣ್ಯಾಗ ಮಂದಿ ಕೇಳಿದ್ರು, ಓಣ್ಯಾಗ ಮಂದಿ ಕೇಳಿದ್ರು, ಭೀಮಬಾಯಿ ಎಲ್ಲಿ ಕಾಣವಲ್ಲಳು ಅಂತ. ಕೇಳಿದವರಿಗಿ ಕೇಳದವರಿಗಿ ಎಲ್ಲರಿಗೂ ಹೇಳಿದೆ ನೋಡ್ರಿ: ತವರಮನಿಗಿ ಹೋಗ್ಯಾಳ."