ಡೇರಿ ಮುಂದೆ ಮೈಕ್ ಹಿಡಿದ ಅಂಬಿಕ ಡಾಕ್ಟರು

ಬಂಗಾರಪೇಟೆಯ ಅಂಬಿಕ ಡಾಕ್ಟರ ಕ್ಲಿನಿಕ್ಕಿಗೆ ಗಂಡ ಹೆಂಡತಿ ಜೊತೆಯಾಗಿ ಬಂದರೆ ಇಬ್ಬರೂ ತಲೆನೋವು ಎನ್ನುತ್ತಿದ್ದರು. ಬಾಗಿಲು ಹಾಕಿ ಕೇಳಿದರೂ ನಿಜವಾದ ಮಾತು ಹೊರಡುತ್ತಿರಲಿಲ್ಲ. ಬಾಗಿಲು ಹಾಕುವುದರಿಂದಲೇ ನಾಚಿಕೆ ಹೆಚ್ಚುತ್ತಿದೆ ಎಂದು ಡಾಕ್ಟರಿಗೆ ಅನಿಸಿತು. ಗಂಡ ಹೆಂಡಿರ ಸಂಬಂಧದ ಬಗ್ಗೆ ಈ ಸುತ್ತಮುತ್ತಲ ಹಳ್ಳಿಗಳಲ್ಲಿ ಮೊದಲು ಮೈಕ್ ಹಿಡಿದು ಮಾತಾಡಿದವರು ಅವರೇ. ಜಾಗ, ಕ್ಯಾಸಂಬಳ್ಳಿ ಹತ್ತಿರದ ಹಳ್ಳಿಯೊಂದರ ಹಾಲಿನ ಡೇರಿ. ಬೆಳಿಗ್ಗೆ ಹಾಲು ಹಾಕಲು ಊರೇ ಬರುತ್ತದೆ, ಕರೆಯುವ ಶ್ರಮವಿಲ್ಲ.

ವಿಷಯ ಎತ್ತಿದ ಕೂಡಲೇ ಹೆಂಗಸರು ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಗಂಡಸರು ದೂರ ಸರಿದು ನಿಂತು, ಆಗಲೇ ತೊಳೆದಿದ್ದ ಕ್ಯಾನುಗಳನ್ನು ಮತ್ತೆ ತೊಳೆಯತೊಡಗಿದರು. ಪ್ರಶ್ನೆ ಕೇಳಿ ಎಂದಾಗ ಎದ್ದವರು ಕದಿರಮ್ಮ ಒಬ್ಬರೇ.

"ನನ್ ಸೊಸೆ ನವ್ಯ ಬಂದು ವರ್ಸ ಆಗ್ತಾ ಬಂತು. ಇನ್ನೂ ಏನೂ ಇಲ್ಲ. ಆಸಾಡಕ್ಕೆ ತೌರಿಗೆ ಕಳಿಸ್ತೀನಿ, ಮತ್ತೆ ಕರ್ಕೊಂಬರಾಕಿಲ್ಲ. ಮದ್ದಿದ್ರೆ ಈಗ್ಲೇ ಏಳವ್ವಾ."

ಪಕ್ಕದಲ್ಲೇ ಖಾಲಿ ತಂಬಿಗೆ ಹಿಡಿದು ನಿಂತಿದ್ದ ನವ್ಯ ನೆಲ ನೋಡಿದಳು.

"ಮನೇಲಿ ಯಾರ್ಯಾರು ಎಲ್ಲೆಲ್ಲಿ ಮಲಗ್ತೀರಮ್ಮ?" ಎಂದು ಡಾಕ್ಟರು ಕೇಳಿದರು.

"ಇರೋದು ಒಂದೇ ರೂಮು. ಮಗ ವೇಣು ಬಾಗ್ಲತಾವ. ಗಾರೆ ಕೆಲ್ಸಕ್ಕೆ ಮೊದ್ಲ ರೈಲು ಇಡೀಬೇಕಲ್ಲ. ಸೊಸೆ ಗೋಡೆ ಕಡೆ."

"ನೀವು?"

"ಮದ್ಯದಾಗೆ. ಉಡ್ಗಿಗೆ ಕತ್ಲು ಅಂದ್ರೆ ಬಯ."

ಕ್ಯಾನು ತೊಳೆಯುತ್ತಿದ್ದವರೂ ನಕ್ಕುಬಿಟ್ಟರು. "ಬಯ ಅವ್ಳಿಗಲ್ಲ ಕಣಕ್ಕಾ, ನಿಂಗೆ!" ಎಂದು ನೆರೆಮನೆಯ ಅಮ್ಮಾಜಮ್ಮ ಕೂಗಿದರು.

ಡಾಕ್ಟರು ನಗಲಿಲ್ಲ. "ಮಗು ಮಾತು ಆಮೇಲೆ. ಮೊದಲು ಅವರಿಬ್ಬರೇ ಕೂತು ಮಾತಾಡೋಕೆ ಜಾಗ ಬೇಕು. ಹೆದರಿಕೆ ಹೋಗಬೇಕು, ಇಬ್ಬರಿಗೂ ಇಷ್ಟ ಇರಬೇಕು. ಮದ್ದು ಬೇಕಾಗಿರೋದು ನಿಮಗೆ."

ನವ್ಯ ತಲೆ ಎತ್ತಿದಳು. ಕದಿರಮ್ಮ ಮುಖ ಗಂಟಿಕ್ಕಿಕೊಂಡು ಹೊರಟರು. ಸೊಸೆಯ ಕಥೆ ಮುಗಿಯಿತೆಂದೇ ಊರು ತಿಳಿಯಿತು.

ಆಷಾಢದಲ್ಲಿ ಅತ್ತೆ ಮತ್ತು ಹೊಸ ಸೊಸೆ ಒಂದೇ ಹೊಸ್ತಿಲು ದಾಟಬಾರದೆಂಬುದು ಪದ್ಧತಿ. ಅದಕ್ಕೇ ಸೊಸೆ ತವರಿಗೆ ಹೋಗುತ್ತಾಳೆ. ಆದರೆ ಈ ಸಲ ಚೀಲ ಹಿಡಿದು ಬಸ್ಸು ಹತ್ತಿದವರು ಕದಿರಮ್ಮ.

ಗಣಿ ಊರಾದ ಚಾಂಪಿಯನ್ ರೀಫ್ಸ್‌ನಲ್ಲಿ ಅವರ ತಮ್ಮ ಬಚ್ಚಪ್ಪ ಬಾಗಿಲಲ್ಲೇ ಗಾಬರಿಯಾದ. "ಏನಕ್ಕಾ, ಸೊಸೆ ಓಡಿಸ್ಬಿಟ್ಳಾ?"

"ಯಾರೂ ಓಡಿಸಿಲ್ಲ ಕಣ್ಲಾ. ಅತ್ತೆ ಸೊಸೆ ಒಂದೇ ಮನ್ಯಾಗಿರ್ಬಾರ್ದು ಅಂತಾರೆ. ಸೊಸೇನೇ ಓಗ್ಬೇಕು ಅಂತ ಎಲ್ಲೈತೆ? ನಂಗೇನು ತೌರಿಲ್ವಾ? ಸರ್ಕೋ."

ಒಳಗೆ ಕೂತು ಕಾಫಿ ಕುಡಿದ ಮೇಲೆ ಕದಿರಮ್ಮನವರಿಗೆ ಚಡಪಡಿಕೆ ಶುರುವಾಯಿತು. "ನವ್ಯಂಗೊಂದು ಫೋನ್ ಮಾಡ್ಕೊಡ್ಲಾ. ಅಸೂಗೆ ನೀರಿಟ್ಳೋ ಇಲ್ವೋ."

ಬಚ್ಚಪ್ಪ ನಂಬರು ಒತ್ತಿದ. ಕದಿರಮ್ಮ ಕೈಚಾಚಿ ಫೋನು ಕಿತ್ತುಕೊಂಡು ಆಫ್ ಮಾಡಿದರು.

"ಬ್ಯಾಡ ಬಿಡ್ಲಾ. ಇವತ್ತು ಬಾನ್ವಾರ. ವೇಣು ಮನ್ಯಾಗವ್ನೆ."