ಗ್ಲಾಫಿರಾಳ ಮನೆಗೆ ಬಂದುಹೋದ ಬಲ್ಬು

ಸೋವಿಯತ್ ಕಾಲದ ರಷ್ಯ; ವೊಲೊಗ್ದಾ ಸೀಮೆಯ ಗ್ಲಾಫಿರಾ ತಿಖೋನೊವ್ನಾ ಹುಟ್ಟಿದ್ದೇ ದಾರದಲ್ಲಿ ಲೇಸು ಹೆಣೆಯೋದಕ್ಕೆ. ಮೊದಲು ಹೂವು ಹೆಣೆಯುತ್ತಿದ್ದಳು. ಸರ್ಕಾರದ ಕಲಾಸಮಿತಿ ಒಪ್ಪಲಿಲ್ಲ. ಪಾಪ, ಹೂವಿಗೆ ಪಕ್ಷದ ಸದಸ್ಯತ್ವ ಇರಲಿಲ್ಲ. ಆಮೇಲೆ ಸೀಮೆಎಣ್ಣೆ ದೀಪದ ಹೊಗೆಯಲ್ಲಿ ಸಮಿತಿ ಕೇಳಿದ ಟ್ರ್ಯಾಕ್ಟರಿನ ಚಿತ್ರ ಹೆಣೆದೂ ಹೆಣೆದೂ ಅವಳ ಕಣ್ಣು ಮಂಜಾಗತೊಡಗಿತು.

ಒಂದು ಚಳಿಗಾಲ ಸರ್ಕಾರದ ಸಾಕ್ಷ್ಯಚಿತ್ರದವರು ಬಂದರು. ಲಾರಿಯ ಜನರೇಟರಿನಿಂದ ತಂತಿ ಎಳೆದು, ಅವಳ ತಲೆಯ ಮೇಲೆ ಬಲ್ಬು ತೂಗುಹಾಕಿ, "ನಗಮ್ಮ" ಎಂದು ಚಿತ್ರ ತೆಗೆದರು. ಹೋಗುವಾಗ ಬಲ್ಬನ್ನೂ ಬಿಚ್ಚಿಕೊಂಡು ಹೋದರು. ಭಂಡತನಕ್ಕೂ ಒಂದು ಮಿತಿ ಬೇಡವೇ!

ಮುಂದಿನ ಚಳಿಗಾಲ ಅವಳು ಕರೆಂಟು ಕೇಳಲು ಜಿಲ್ಲಾ ಕಚೇರಿಗೆ ಹೋದಳು.

"ನಿಮ್ಮ ಹಳ್ಳಿಗೆ ಕರೆಂಟು ಬಂದಾಯ್ತಲ್ಲಮ್ಮ," ಎಂದ ಅಧಿಕಾರಿ ಲ್ಯಾಪುನೊವ್. "ಸಿನಿಮಾದಲ್ಲಿ ಇಡೀ ದೇಶ ನೋಡಿದೆ. ನೀವೇ ಹಲ್ಲು ಕಿರಿದು ಕೂತಿದ್ರಿ."

"ಅದು ಅವರ ಬಲ್ಬು ಕಣಪ್ಪ! ವಾಪಸ್ ತಗೊಂಡು ಹೋದ್ರು!"

"ಹಾಗಂತ ಬರೆದ್ರೆ ಸರ್ಕಾರದ ಚಿತ್ರ ಸುಳ್ಳು ಅಂದಹಾಗಾಗುತ್ತೆ. ನನಗೆ ಹೆಂಡ್ತಿ ಮಕ್ಕಳಿದ್ದಾರೆ."

"ನನಗೆ ಕಣ್ಣಿದೆ. ಇನ್ನೂ ಸ್ವಲ್ಪ ದಿನ!"

ಮರುದಿನ ಲೇಸು ಹೆಣೆಯಲು ಆಸರೆಯಾದ ಹುಲ್ಲುದಿಂಬು, ದಾರ ಸುತ್ತಿದ ಹೆಣಿಗೆಯ ಕಡ್ಡಿಗಳನ್ನೆಲ್ಲ ಹೊತ್ತು ಬಂದವಳೇ, ಕರೆಂಟಿನ ದೀಪ ಉರಿಯುತ್ತಿದ್ದ ಅವನ ಮೇಜಿನ ಪಕ್ಕ ಬೆಂಚು ಎಳೆದು ಕೂತಳು. ಕಡ್ಡಿಗಳು ಟಕಟಕ ಸದ್ದು ಮಾಡತೊಡಗಿದವು.

"ಏನಮ್ಮ ಇದು? ಇದು ಕಚೇರಿ!"

"ಸರ್ಕಾರದ ಮೇಜುಹಾಸು ಮುಗಿಸ್ಬೇಕು. ಮನೇಲಿ ದಾರ ಕಾಣ್ಸಲ್ಲ. ನಮ್ಮೂರಿಗೆ ತಂತಿ ಎಳೆಯೋವರೆಗೂ ದಿನಾ ಬರ್ತೀನಿ. ದೀಪ ಸ್ವಲ್ಪ ಈ ಕಡೆ ತಿರುಗ್ಸಿ, ಕಾಮ್ರೇಡ್."

ಲ್ಯಾಪುನೊವ್ ಗೊಣಗುತ್ತಲೇ ತಿರುಗಿಸಿದ.