ಅಪ್ಪನ ಗುಂಡಿಗೆ ಹಾಕಿದ ಉಪ್ಪು

ಕಳಲೆಯ ನಮ್ಮ ಮನೆಯಿಂದ ನಂಜನಗೂಡಿಗೊಂದು ಬಸ್ಸು, ಅಲ್ಲಿಂದ ಟಿ. ನರಸೀಪುರಕ್ಕೆ ಇನ್ನೊಂದು. ಹೀಗೆ ಓಡಾಡಿಕೊಂಡು ಹೈಸ್ಕೂಲು ಮಕ್ಕಳಿಗೆ ಸಮಾಜ ಪಾಠ ಹೇಳುವವಳು ನಾನು. ಈಜಿಪ್ಟಿನ ಪಾಠ ಬಂದಾಗ ಮಾತ್ರ ತರಗತಿ ತಾನಾಗಿ ಸುಮ್ಮನಾಗುತ್ತದೆ. ಹೆಣವನ್ನು ಉಪ್ಪಿನಲ್ಲಿ ಒಣಗಿಸಿ, ಬಟ್ಟೆ ಸುತ್ತಿ, ಸಾವಿರಾರು ವರ್ಷ ಕೆಡದಂತೆ ಇಟ್ಟವರ ಕಥೆ ಯಾರಿಗೆ ಬೇಡ? ಹೇಳಿ ಹೇಳಿ ಆ ಜನ ನನಗೆ ನೆಂಟರಂತಾಗಿಬಿಟ್ಟಿದ್ದರು.

ಅಪ್ಪ ತೀರಿಕೊಂಡಾಗ ನಮ್ಮ ಪದ್ಧತಿಯಂತೆ ಹೊಲದ ಬದಿಯಲ್ಲಿ ಗುಂಡಿ ತೆಗೆದು, ಅಂಗೈಯಲ್ಲಿ ಲಿಂಗವಿಟ್ಟು, ಕೂರಿಸಿಯೇ ಇಳಿಸಿದರು. ಮೇಲೆ ವಿಭೂತಿ, ಬಿಲ್ವಪತ್ರೆ, ಮೂಟೆಗಟ್ಟಲೆ ಉಪ್ಪು. ಅವ್ವ ಗುಂಡಿಯ ಅಂಚು ಬಿಟ್ಟು ಏಳಲೊಲ್ಲಳು. "ಉಳ ಬೀಳ್ತವೆ, ಮಣ್ಣಾಕ್ಬ್ಯಾಡಿ" ಎನ್ನುತ್ತಲೇ ಇದ್ದಳು. ಓದಿದವಳಲ್ಲವೇ ನಾನು, ಬಾಯಿ ಸುಮ್ಮನಿರಲಿಲ್ಲ.

"ಉಪ್ಪಾಕವ್ರಲ್ಲವ್ವ, ಏನೂ ಆಗಲ್ಲ. ಈಜಿಪ್ಟಲ್ಲಿ ಉಪ್ಪಾಕಿದ್ದಕ್ಕೇ ರಾಜ್ರ ಮುಖ ಇವತ್ಗೂ ಅಂಗೇ ಅದೆ" ಎಂದೆ. ಅವಳು ಎದ್ದು ಬಂದಳು.

ಶಿವಗಣಾರಾಧನೆಯ ದಿನ ಕ್ರಿಯೆ ಮಾಡಿಸಿದ ಅಯ್ಯನವರನ್ನು ಕೇಳಿದೆ. "ದೇಹ ಬಿರ್ರನೆ ಮಣ್ಣಾಗ್ಲಿ ಅಂತ ಕಣವ್ವ ಉಪ್ಪಾಕೋದು" ಎಂದರು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಅವ್ವನಿಗೆ ತಿಳಿಸಲಿಲ್ಲ. ಏಳು ವರ್ಷ ಅವಳು ಪ್ರತಿ ಸೋಮವಾರ ಗದ್ದುಗೆಯ ಪಕ್ಕ ಕೂತು ಅಪ್ಪನಿಗೆ ಊರ ಸುದ್ದಿಯನ್ನೆಲ್ಲ ಒಪ್ಪಿಸಿ ಬಂದಳು.

ಹೋದ ವರ್ಷ ರಸ್ತೆ ಅಗಲ ಮಾಡುವುದಕ್ಕೆ ಹೊಲದ ಆ ಬದಿ ಹೋಯಿತು. ಅಪ್ಪನನ್ನು ತೆಗೆದು ಬೇರೆ ಕಡೆ ಇಡಬೇಕಾಯಿತು. ಬೇಡವೆಂದರೂ ಅವ್ವ ಬಂದಳು. ಕೈಯಲ್ಲೊಂದು ಹೊಸ ಪಂಚೆ, ಬಾಚಣಿಗೆ.

"ಮುಖ ಒಂದ್ಸಲ ನೋಡ್ಬುಡ್ತೀನಿ ಕಣವ್ವ, ಅಷ್ಟೇಯ."

ಆಗಲಾದರೂ ಹೇಳಬಹುದಿತ್ತು. ಹೇಡಿ ನಾನು, ಹೇಳಲಿಲ್ಲ.

ಆಳುಗಳು ಎದೆಮಟ್ಟ ಅಗೆದರು. ಬೂದು ಮಣ್ಣಿನಲ್ಲಿ ಲಿಂಗ ಸಿಕ್ಕಿತು, ಆಮೇಲೆ ಮೂಳೆ, ಕೊನೆಗೆ ಬುರುಡೆ. ಎಲ್ಲವನ್ನೂ ಬಿಳಿ ಬಟ್ಟೆಯ ಮೇಲೆ ಇಟ್ಟರು. ಅವ್ವ ಆ ಕಡೆ ತಿರುಗಿಯೂ ನೋಡಲಿಲ್ಲ.

"ಅದ್ಯಾರ್ದೋ. ನಿಮ್ಮಪ್ಪ ಇನ್ನೂ ಕೆಳೀಕವ್ರೆ" ಎಂದಳು.

ಆಳುಗಳು ನನ್ನ ಮುಖ ನೋಡಿದರು. ಅದರ ಕೆಳಗಿದ್ದದ್ದು ಯಾರೂ ಎಂದೂ ಅಗೆಯದ ಗಟ್ಟಿ ನೆಲ. ಸಾಕು ಎನ್ನಬೇಕಾದರೆ ನಾನು ಸುಳ್ಳು ಹೇಳಿದ್ದೆನೆಂದು ಒಪ್ಪಬೇಕಿತ್ತು.

"ಅಗೀರಿ" ಎಂದೆ.